ಚಿತ್ರಕ್ಕೆ ಮೊದಲೇ ಎಡಿಟಿಂಗ್: ಟಿವಿ ಕಾರ್ಟೂನಿನೊಳಗಿನ ಒಂದು ಕೆಲಸ

(ಬಾಗಲಕೋಟೆಯಲ್ಲಿ ಚಿತ್ರಕಲೆ ಮತ್ತು ಮಾಧ್ಯಮ ಕಲಿಯುವ ವಿದ್ಯಾರ್ಥಿಗಳ ಮುಂದೆ ಆಡಿದ ಮಾತಿನ ಬರಹ ರೂಪ)

ಎಡಿಟರ್ ಅಂದ ಕೂಡಲೇ ನಿಮಗೆ ಏನು ಹೊಳೆಯುತ್ತದೆ ಅಂತ ನನಗೆ ಗೊತ್ತು. ಶೂಟಿಂಗ್ ಮುಗಿದಿದೆ. ಕಂಪ್ಯೂಟರಿನಲ್ಲಿ ಗಂಟೆಗಟ್ಟಲೆ ಫುಟೇಜ್ ಬಿದ್ದಿದೆ. ಒಬ್ಬರು ಕೂತು ಬೇಡದ್ದನ್ನು ತೆಗೆದು ಬೇಕಾದ್ದನ್ನು ಜೋಡಿಸುತ್ತಿದ್ದಾರೆ. ಸಿನಿಮಾಕ್ಕೆ, ಧಾರಾವಾಹಿಗೆ, ಮದುವೆ ವಿಡಿಯೊಗೆ ಇದು ನಿಜ. ಟಿವಿ ಕಾರ್ಟೂನಿನಲ್ಲಿ ಹಾಗಿಲ್ಲ. ನಾವು ಎಡಿಟಿಂಗಿಗೆ ಕೂತಾಗ ಕಾರ್ಟೂನು ಇನ್ನೂ ಹುಟ್ಟಿಯೇ ಇರುವುದಿಲ್ಲ. ಒಂದಿಷ್ಟು ಧ್ವನಿ ಇರುತ್ತದೆ, ಒಂದಿಷ್ಟು ಗೀಚಿದ ಚಿತ್ರ ಇರುತ್ತವೆ. ಅಷ್ಟನ್ನೇ ಇಟ್ಟುಕೊಂಡು ಇಡೀ ಎಪಿಸೋಡನ್ನು ಎಡಿಟ್ ಮಾಡಿ ಮುಗಿಸುತ್ತೇವೆ. ಅನಿಮೇಟರುಗಳು ಕೈ ಹಚ್ಚುವುದು ಅದಾದ ಮೇಲೆ.

ಯಾಕೆ ಹೀಗೆ ಅಂದರೆ ಲೆಕ್ಕ ಸರಳ. ತೆರೆಯ ಮೇಲೆ ಒಂದರ ಹಿಂದೆ ಒಂದು ಬರುವ ನಿಂತ ಚಿತ್ರಗಳಲ್ಲಿ ಒಂದೊಂದಕ್ಕೂ ಫ್ರೇಮ್ ಅನ್ನುತ್ತಾರೆ. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್, ನಮ್ಮ ಟಿವಿಯಲ್ಲಿ 25. ಹನ್ನೊಂದು ನಿಮಿಷದ ಒಂದು ಎಪಿಸೋಡ್ ಅಂದರೆ 16,500 ಫ್ರೇಮ್. ಒಂದೊಂದು ಚಿತ್ರವನ್ನು ಎರಡೆರಡು ಫ್ರೇಮ್ ನಿಲ್ಲಿಸಿದರೂ ಎಂಟು ಸಾವಿರದ ಮೇಲಾಗುತ್ತದೆ. ಕ್ಯಾಮೆರಾ ಇಟ್ಟು ಶೂಟ್ ಮಾಡುವವರು ಒಂದೇ ದೃಶ್ಯವನ್ನು ಹತ್ತು ಸಲ ತೆಗೆದು ಒಂಬತ್ತನ್ನು ಬಿಸಾಡಬಹುದು. ಇಲ್ಲಿ ಬಿಸಾಡುವ ಪ್ರತಿ ಸೆಕೆಂಡಿನಲ್ಲೂ ಯಾರೋ ಕೂತು ಮಾಡಿದ ದುಡಿಮೆ ಇರುತ್ತದೆ.

ದೊಡ್ಡವರಿಗೂ ಈ ಪಾಠ ಕಷ್ಟದಿಂದಲೇ ಸಿಕ್ಕಿತು. ಡಿಸ್ನಿಯವರ ಸ್ನೋ ವೈಟ್ ಬಂದದ್ದು 1937ರಲ್ಲಿ. ಅದರಲ್ಲಿ ಏಳು ಕುಳ್ಳರು ಸೂಪ್ ಕುಡಿಯುವ ಒಂದು ದೃಶ್ಯ ಇತ್ತು. ವಾರ್ಡ್ ಕಿಂಬಲ್ ಅನ್ನುವ ಅನಿಮೇಟರ್ ಅದನ್ನು ಪೆನ್ಸಿಲ್ಲಿನಲ್ಲಿ ಪೂರ್ತಿ ಅನಿಮೇಟ್ ಮಾಡಿದ್ದರು. ದೃಶ್ಯ ಚೆನ್ನಾಗಿಯೇ ಇತ್ತು. ಆದರೆ ಕಥೆಯ ಓಟಕ್ಕೆ ಅಡ್ಡ ಬರುತ್ತದೆ ಅಂತ ವಾಲ್ಟ್ ಡಿಸ್ನಿ ತೆಗೆದು ಹಾಕಿದರು. ದೊಡ್ಡ ಸಿನಿಮಾ ಆ ನಷ್ಟವನ್ನು ನುಂಗಿಕೊಂಡಿತು. ವಾರಕ್ಕೊಂದು ಎಪಿಸೋಡ್ ಕೊಡಬೇಕಾದ ಟಿವಿಗೆ ಅದು ಆಗದ ಮಾತು. ಅದಕ್ಕೇ ನಾವು ಗೀಚಿದ ಚಿತ್ರಗಳಲ್ಲೇ ಕಥೆಯನ್ನು ಓಡಿಸಿ ನೋಡುತ್ತೇವೆ. ಅದಕ್ಕೆ ಅನಿಮ್ಯಾಟಿಕ್ ಅನ್ನುತ್ತಾರೆ. ಸ್ಟೋರಿಬೋರ್ಡಿನ, ಅಂದರೆ ಕಥೆಯನ್ನು ದೃಶ್ಯ ದೃಶ್ಯವಾಗಿ ಗೀಚಿದ ಚಿತ್ರಗಳನ್ನು ಸಾಲಾಗಿ ಇಟ್ಟು, ಧ್ವನಿ ಕೂಡಿಸಿ, ಪ್ರತಿ ಚಿತ್ರ ಎಷ್ಟು ಹೊತ್ತು ತೆರೆಯ ಮೇಲೆ ಇರಬೇಕು ಅಂತ ಫ್ರೇಮ್ ಲೆಕ್ಕದಲ್ಲಿ ಕೂರಿಸಿದ ವಿಡಿಯೊ ಅದು.

ಸ್ಟೋರಿಬೋರ್ಡ್ ಅಂದೆ. ಅದನ್ನು ಅರ್ಥ ಮಾಡಿಕೊಳ್ಳಲು ನೀವು ದೂರ ಹೋಗಬೇಕಾಗಿಲ್ಲ. ಇದೇ ಜಿಲ್ಲೆಯ ಪಟ್ಟದಕಲ್ಲಿಗೆ ಹೋಗಿ. ಪಾಪನಾಥ ದೇವಾಲಯದ ಹೊರಗೋಡೆ ನೋಡಿ. ಎಂಟನೇ ಶತಮಾನದ ಶಿಲ್ಪಿಗಳು ರಾಮಾಯಣವನ್ನು ಸಾಲಾಗಿ ಕೆತ್ತಿದ್ದಾರೆ. ಕೆಲವು ಕಡೆ ಯಾರು ಯಾರು ಅಂತ ಹೆಸರೂ ಇದೆ. ಯಾವ ಘಟನೆಯನ್ನು ಆರಿಸಬೇಕು, ಯಾವುದನ್ನು ಬಿಡಬೇಕು, ಯಾರ ಮುಖ ಯಾವ ಕಡೆ ತಿರುಗಿರಬೇಕು, ಎಲ್ಲವನ್ನೂ ಯೋಚಿಸಿ ಮಾಡಿದ ಕೆಲಸ ಅದು. ಆದರೆ ಒಂದು ವಿಷಯ ಮಾತ್ರ ಗೋಡೆಯ ಕೈಯಲ್ಲಿಲ್ಲ. ಒಂದೊಂದು ಚಿತ್ರದ ಮುಂದೆ ಎಷ್ಟು ಹೊತ್ತು ನಿಲ್ಲಬೇಕು ಅನ್ನುವುದನ್ನು ಅಲ್ಲಿ ನಡೆಯುವವರೇ ತೀರ್ಮಾನಿಸುತ್ತಾರೆ. ಯಾರೋ ಜಟಾಯುವಿನ ಮುಂದೆ ನಿಂತೇ ಬಿಡುತ್ತಾರೆ, ಇನ್ಯಾರೋ ಸೆಲ್ಫಿ ತೆಗೆದು ಮುಂದೆ ಹೋಗುತ್ತಾರೆ. ಟಿವಿ ನೋಡುವ ಮಗುವಿಗೆ ಆ ಸ್ವಾತಂತ್ರ್ಯ ಇಲ್ಲ. ಅದರ ಪರವಾಗಿ ಎಡಿಟರ್ ತೀರ್ಮಾನಿಸುತ್ತಾರೆ. ನನ್ನ ಕೆಲಸದ ಪೂರ್ತಿ ಹೊಣೆ ಅದೇ. ಎಷ್ಟು ಹೊತ್ತು? ದಿನವಿಡೀ ಕೇಳಿಕೊಳ್ಳುವ ಪ್ರಶ್ನೆ ಅದೊಂದೇ.

ಇನ್ನು ಕೆಲಸದ ಒಳಗೆ ಹೋಗೋಣ. ಮೊದಲು ಬರುವುದು ಧ್ವನಿ. ಬಹಳಷ್ಟು ಕಾರ್ಟೂನುಗಳಲ್ಲಿ ಮಾತನ್ನು ಮೊದಲೇ ರೆಕಾರ್ಡ್ ಮಾಡುತ್ತಾರೆ. ಎಲ್ಲ ಕಲಾವಿದರು ಒಟ್ಟಿಗೆ ಬರುತ್ತಾರೆ ಅಂತಿಲ್ಲ. ಒಬ್ಬರು ಸೋಮವಾರ ಬಂದು ತಮ್ಮ ಸಾಲುಗಳನ್ನಷ್ಟೇ ಹೇಳಿ ಹೋಗುತ್ತಾರೆ, ಅವರಿಗೆ ಉತ್ತರ ಕೊಡುವವರು ಗುರುವಾರ ಬರುತ್ತಾರೆ. ಒಂದೊಂದು ಸಾಲಿಗೂ ನಾಲ್ಕಾರು ಟೇಕ್. ಅವುಗಳಲ್ಲಿ ಒಳ್ಳೆಯದನ್ನು ಆರಿಸಿ, ಕೆಲವೊಮ್ಮೆ ಒಂದು ಟೇಕಿನ ಮೊದಲರ್ಧಕ್ಕೆ ಇನ್ನೊಂದರ ಕೊನೆಯರ್ಧ ಕೂಡಿಸಿ, ಇಬ್ಬರೂ ಎದುರೆದುರು ಕೂತು ಮಾತಾಡಿದ ಹಾಗೆ ಮಾಡಬೇಕು. ಇದನ್ನು ನಾವು ರೇಡಿಯೊ ಪ್ಲೇ ಅನ್ನುತ್ತೇವೆ. ಚಿತ್ರ ಇಲ್ಲದೆ, ಕಣ್ಣು ಮುಚ್ಚಿ ಕೇಳಿದರೂ ಕಥೆ ತಿಳಿಯಬೇಕು, ನಗು ಬರುವ ಕಡೆ ನಗು ಬರಬೇಕು. ಇಲ್ಲಿ ಬರದ ನಗು ಆಮೇಲೆ ಎಷ್ಟು ಚೆಂದದ ಚಿತ್ರ ಬರೆದರೂ ಬರುವುದಿಲ್ಲ. ಇದನ್ನು ನಾನು ಬಹಳ ಗಟ್ಟಿಯಾಗಿ ನಂಬುತ್ತೇನೆ.

ಈ ಮಾತಿಗೆ ಪಾರಿಜಾತ ನೆನಪಾಗುತ್ತದೆ. ಶ್ರೀಕೃಷ್ಣ ಪಾರಿಜಾತ ನೋಡಿದವರು ಇಲ್ಲಿ ಇದ್ದೀರಿ ಅಲ್ವಾ? ಬೆಳಗಾವಿ ಕಡೆಯ ಕುಲಗೋಡ ತಮ್ಮಣ್ಣ ಬೆಳೆಸಿದ, ಕೌಜಲಗಿ ನಿಂಗಮ್ಮ ಹೆಸರು ತಂದ ಆಟ. ಅದರಲ್ಲಿ ಭಾಗವತ ಪಾತ್ರಗಳನ್ನು ಮಾತಿಗೆಳೆಯುತ್ತಾನೆ. ಒಂದು ಪ್ರಶ್ನೆ ಎಸೆಯುತ್ತಾನೆ. ಉತ್ತರ ಬರುವ ಮುಂಚೆ ಒಂದು ಸಣ್ಣ ತಡೆ ಇರುತ್ತದೆ. ಒಳ್ಳೆಯ ಕಲಾವಿದರು ಆ ತಡೆಯಲ್ಲಿ ಜನರ ಮುಖ ನೋಡುತ್ತಾರೆ. ನಗು ಏಳುತ್ತಿದೆ ಅಂದರೆ ಇನ್ನೊಂದಿಷ್ಟು ಎಳೆಯುತ್ತಾರೆ, ಇಲ್ಲದಿದ್ದರೆ ತಟ್ಟನೆ ಮುಂದಿನ ಮಾತು ಎತ್ತುತ್ತಾರೆ. ಅವರಿಗೆ ಎದುರಿಗೆ ಜನ ಇರುತ್ತಾರೆ. ನಮಗೆ ಇರುವುದಿಲ್ಲ. ಬಾಗಿಲು ಹಾಕಿದ ಕೋಣೆಯಲ್ಲಿ ಹೆಡ್‌ಫೋನ್ ಹಾಕಿಕೊಂಡು ಅದೇ ತಡೆಯನ್ನು ಅಂದಾಜು ಮಾಡಬೇಕು. ಅದೂ ಎಲ್ಲೋ ಮನೆಯಲ್ಲಿ ಕೂತು ನೋಡುವ, ನಾವು ಕಾಣದ ಮಗುವಿಗಾಗಿ. ಪಾರಿಜಾತ, ಸಣ್ಣಾಟ, ದೊಡ್ಡಾಟ ನೋಡುತ್ತಾ ಬೆಳೆದವರಿಗೆ ಈ ಅಂದಾಜು ಅರ್ಧ ಬಂದೇ ಬಿಟ್ಟಿರುತ್ತದೆ. ನೀವು ಅದನ್ನು ಕಲಿಕೆ ಅಂತ ಲೆಕ್ಕಕ್ಕೇ ಹಿಡಿದಿರುವುದಿಲ್ಲ, ಅಷ್ಟೇ.

ಒಂದು ಉದಾಹರಣೆ ಕೊಡುತ್ತೇನೆ. ಬರೆದುಕೊಳ್ಳಿ, ಆಮೇಲೆ ನೀವೇ ಮಾಡಿ ನೋಡಬಹುದು. ಅಜ್ಜಿ ಪಡಸಾಲೆಯಲ್ಲಿ ಕೂತು ಮೊರದಲ್ಲಿ ಜೋಳ ಹಸನು ಮಾಡುತ್ತಿದ್ದಾಳೆ. ಅಡುಗೆಮನೆಯಲ್ಲಿ ಗಡಿಗೆ ಬಿದ್ದ ಸದ್ದು. ಅಜ್ಜಿ: "ಏನ್ ಬಿತ್ತೋ?" ಮೊಮ್ಮಗ: "ಏನಿಲ್ಲ ಬೇ ಆಯಿ." ಎರಡೇ ಸಾಲು, ನಾಲ್ಕು ಚಿತ್ರ. ಸದ್ದು ಬಂದಾಗ ನಾವು ಅಜ್ಜಿಯ ಮೇಲೇ ಇದ್ದೇವೆ. ಸದ್ದಾದ ಐದಾರು ಫ್ರೇಮಿಗೆ ಅವಳ ಕೈ ನಿಲ್ಲುತ್ತದೆ. ಸದ್ದು ಬಂದ ಫ್ರೇಮಿನಲ್ಲೇ ನಿಂತರೆ ಅವಳು ಬೀಳುವುದನ್ನೇ ಕಾಯುತ್ತಿದ್ದಳು ಅನ್ನಿಸುತ್ತದೆ. ಇಪ್ಪತ್ತು ಫ್ರೇಮ್ ಬಿಟ್ಟರೆ ಕಿವಿ ಮಂದ ಅನ್ನಿಸುತ್ತದೆ. ಆಮೇಲೆ ಅವಳ ಪ್ರಶ್ನೆ. ಈಗ ಹುಡುಗನ ಮುಖಕ್ಕೆ ಕಟ್ ಮಾಡುತ್ತೇವೆ. ಐದು ಫ್ರೇಮಿನೊಳಗೆ ಉತ್ತರ ಕೊಟ್ಟರೆ ಇವನು ಸುಳ್ಳಿನಲ್ಲಿ ಪಳಗಿದವನು, ನಗು ಬರುತ್ತದೆ. ಮೂವತ್ತು ಫ್ರೇಮ್ ಸುಮ್ಮನಿದ್ದು ಉತ್ತರ ಕೊಟ್ಟರೆ ಹೆದರಿದ್ದಾನೆ, ಪಾಪ ಅನ್ನಿಸುತ್ತದೆ. ಐವತ್ತು ಫ್ರೇಮ್ ಕೊಟ್ಟು, ನಡುವೆ ಒಂದು ಸಲ ಅವನ ಕಣ್ಣು ಕೆಳಗೆ ಹೋಗಿ ಬರುವಂತೆ ಮಾಡಿದರೆ, ಸುಳ್ಳು ಈಗ ತಯಾರಾಗುತ್ತಿದೆ ಅಂತ ನೋಡುವವರಿಗೆ ಗೊತ್ತಾಗುತ್ತದೆ. ಅದೇ ಧ್ವನಿ, ಹೆಚ್ಚುಕಮ್ಮಿ ಅವೇ ಚಿತ್ರ. ಹುಡುಗ ಮಾತ್ರ ಮೂರು ಬೇರೆ ಬೇರೆ ಹುಡುಗ. ಇವನು ಯಾವ ಹುಡುಗ ಅಂತ ಬರೆದವರನ್ನು, ನಿರ್ದೇಶಕರನ್ನು ಕೇಳಿ ತಿಳಿದು ಆ ಫ್ರೇಮುಗಳನ್ನು ಕೂರಿಸುವುದು ಎಡಿಟಿಂಗ್.

ಗಡಿಗೆ ಬೀಳುವುದನ್ನೇ ತೋರಿಸಬೇಕು ಅಂದರೆ ಇನ್ನೊಂದು ಲೆಕ್ಕ. ಒಂದು ಮೀಟರ್ ಎತ್ತರದಿಂದ ವಸ್ತು ನೆಲ ಮುಟ್ಟಲು ಹತ್ತಿರ ಹತ್ತಿರ 0.45 ಸೆಕೆಂಡ್ ಬೇಕು, ಅಂದರೆ ಹನ್ನೊಂದು ಫ್ರೇಮ್. ಶಾಲೆಯಲ್ಲಿ ಕಲಿತ ಸೂತ್ರವೇ ಇದು. ಕಾರ್ಟೂನಿನಲ್ಲಿ ಅದನ್ನು ಹಾಗೇ ಇಡಬೇಕು ಅಂತೇನಿಲ್ಲ. ಆದರೆ ನಿಜ ಎಷ್ಟು ಅಂತ ಗೊತ್ತಿದ್ದವರಿಗೆ ಮಾತ್ರ ಅದನ್ನು ಹಿಗ್ಗಿಸಲು, ಕುಗ್ಗಿಸಲು ಬರುತ್ತದೆ.

ಟಿವಿಯಲ್ಲಿ ಈ ಕೆಲಸಕ್ಕೆ ಇಷ್ಟು ತೂಕ ಬರಲು ಒಂದು ಹಿನ್ನೆಲೆ ಇದೆ. ವಿಲಿಯಂ ಹ್ಯಾನಾ ಮತ್ತು ಜೋಸೆಫ್ ಬಾರ್ಬೆರಾ ಗೊತ್ತಲ್ಲ, ಟಾಮ್ ಅಂಡ್ ಜೆರ್ರಿ ಮಾಡಿದವರು. ಅದು 1940ರಲ್ಲಿ ಶುರುವಾದದ್ದು ಚಿತ್ರಮಂದಿರಕ್ಕಾಗಿ. ಏಳೆಂಟು ನಿಮಿಷದ ಚಿತ್ರ, ಮಾತೇ ಕಮ್ಮಿ, ಎಲ್ಲವೂ ಮೈಚಲನೆ. 1957ರಲ್ಲಿ, ಇವರು ಕೆಲಸ ಮಾಡುತ್ತಿದ್ದ ಎಂಜಿಎಂ ಅನ್ನುವ ಸಿನಿಮಾ ಕಂಪನಿ ತನ್ನ ಕಾರ್ಟೂನ್ ಸ್ಟುಡಿಯೊ ಮುಚ್ಚಿತು. ಇವರಿಬ್ಬರೂ ಟಿವಿ ಕಡೆ ತಿರುಗಿದರು. ಟಿವಿಯವರು ಕೊಡುವ ದುಡ್ಡು ತೀರಾ ಕಮ್ಮಿ, ಬೇಕಾದ ನಿಮಿಷಗಳು ಜಾಸ್ತಿ. ಹಾಗಾಗಿ ಚಿತ್ರಗಳನ್ನು ಇಳಿಸಿದರು. ಮೈ ನಿಂತಿರುತ್ತದೆ, ತಲೆಯಷ್ಟೇ ಆಡುತ್ತದೆ. ತಲೆ ನಿಂತಿರುತ್ತದೆ, ಬಾಯಷ್ಟೇ ಆಡುತ್ತದೆ. ಪಾತ್ರ ಓಡುತ್ತದೆ, ಹಿಂದೆ ಅದೇ ಮರ ಅದೇ ಮನೆ ಮತ್ತೆ ಮತ್ತೆ ಬರುತ್ತವೆ. 1960ರ ಫ್ಲಿಂಟ್‌ಸ್ಟೋನ್ಸ್ ಇದೇ ದಾರಿಯಲ್ಲಿ ಬಂತು. ಜಪಾನಿನಲ್ಲಿ 1963ರಲ್ಲಿ ಒಸಾಮು ತೆಜುಕಾ ಆಸ್ಟ್ರೋ ಬಾಯ್ ಶುರು ಮಾಡಿದಾಗ ಒಂದೇ ಚಿತ್ರವನ್ನು ನಿಲ್ಲಿಸಿ ಕ್ಯಾಮೆರಾ ಓಡಿಸುವುದನ್ನೇ ಒಂದು ಶೈಲಿ ಮಾಡಿಕೊಂಡರು. ಇದನ್ನು ಬರೀ ಜಿಪುಣತನ ಅನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಚಲನೆ ಕಮ್ಮಿಯಾದಾಗ ಕಥೆ ಹೊರುವ ಭಾರ ಮಾತಿಗೆ, ಸದ್ದಿಗೆ, ಕಟ್ ಯಾವಾಗ ಬರುತ್ತದೆ ಅನ್ನುವುದಕ್ಕೆ ಬಿತ್ತು. ಎರಡು ಸೆಕೆಂಡ್ ಅಲ್ಲಾಡದೆ ನಿಂತ ಮುಖವನ್ನು ಮಕ್ಕಳು ಬೇಜಾರಿಲ್ಲದೆ ನೋಡಬೇಕು ಅಂದರೆ ಆ ಎರಡು ಸೆಕೆಂಡಿನ ಹಿಂದೆ ಮುಂದೆ ಏನಿದೆ ಅನ್ನುವುದು ಸರಿಯಾಗಿರಬೇಕು.

ಅನಿಮ್ಯಾಟಿಕ್ ಒಪ್ಪಿಗೆಯಾದ ಮೇಲೆ ಲಾಕ್ ಮಾಡುತ್ತಾರೆ. ಪ್ರತಿ ಶಾಟಿಗೆ ನಂಬರ್, ಪ್ರತಿ ಶಾಟಿಗೆ ಇಷ್ಟೇ ಫ್ರೇಮ್. ಆ ಲೆಕ್ಕ ಅನಿಮೇಷನ್ ಸ್ಟುಡಿಯೊಗೆ ಹೋಗುತ್ತದೆ. ಅಮೆರಿಕದ ಎಷ್ಟೋ ಕಾರ್ಟೂನುಗಳ ಅನಿಮೇಷನ್ ಕೆಲಸ ದಕ್ಷಿಣ ಕೊರಿಯಾ, ಫಿಲಿಪ್ಪೀನ್ಸ್ ಮತ್ತು ನಮ್ಮ ದೇಶದಲ್ಲಿ ನಡೆದಿದೆ. 1989ರಿಂದ ಬರುತ್ತಿರುವ ಸಿಂಪ್ಸನ್ಸ್ ಕೂಡ ಕೊರಿಯಾದಲ್ಲಿ ಅನಿಮೇಟ್ ಆದದ್ದೇ. ಹೀಗೆ ದೂರದಿಂದ ಶಾಟುಗಳು ಒಂದೊಂದಾಗಿ ವಾಪಸ್ ಬಂದಾಗ ಗೀಚಿದ ಚಿತ್ರ ತೆಗೆದು ಆ ಜಾಗಕ್ಕೆ ಬಣ್ಣದ ಶಾಟ್ ಕೂರಿಸುತ್ತೇವೆ. ಆಗ ಶುರುವಾಗುವುದು ರೀಟೇಕ್ ಪಟ್ಟಿ.

ರೀಟೇಕ್ ಅಂದರೆ ಸರಿಪಡಿಸಲು ವಾಪಸ್ ಕಳಿಸುವುದು. ಹಿಂದಿನ ಶಾಟಿನಲ್ಲಿ ಎಡಗೈಯಲ್ಲಿದ್ದ ಚೆಂಡು ಈ ಶಾಟಿನಲ್ಲಿ ಬಲಗೈಯಲ್ಲಿದೆ. ಓಲೆ ಒಂದು ಫ್ರೇಮ್ ಮಾಯವಾಗಿ ಮತ್ತೆ ಬಂದಿದೆ. ಬಾಯಿ ಮಾತಿಗಿಂತ ತಡವಾಗಿ ಆಡುತ್ತಿದೆ. ಈ ಬಾಯಿಯ ವಿಷಯ ಸ್ವಲ್ಪ ಗಮನ ಕೊಟ್ಟು ಕೇಳಿ. ಬಾಯಿಯ ಆಕಾರ ಸದ್ದಿಗಿಂತ ಒಂದೆರಡು ಫ್ರೇಮ್ ಮುಂದೆ ಇದ್ದರೆ ಕಣ್ಣಿಗೆ ಸಹಜ ಅನ್ನಿಸುತ್ತದೆ, ಹಿಂದೆ ಬಿದ್ದರೆ ಕೂಡಲೇ ಚುಚ್ಚುತ್ತದೆ. ಪ, ಬ, ಮ ಅನ್ನುವಾಗ ತುಟಿ ಮುಚ್ಚಲೇಬೇಕು. ಉಳಿದ ಅಕ್ಷರಗಳಲ್ಲಿ ಒಂದಿಷ್ಟು ಆಚೀಚೆ ಆದರೂ ನಡೆಯುತ್ತದೆ, ಇವುಗಳಲ್ಲಿ ನಡೆಯುವುದಿಲ್ಲ. ಎಲ್ಲ ತಪ್ಪನ್ನೂ ವಾಪಸ್ ಕಳಿಸಲು ದುಡ್ಡೂ ಇರುವುದಿಲ್ಲ, ದಿನವೂ ಇರುವುದಿಲ್ಲ. ಯಾವುದನ್ನು ಕಳಿಸಬೇಕು, ಯಾವುದನ್ನು ನಾವೇ ಎರಡು ಫ್ರೇಮ್ ಕತ್ತರಿಸಿ, ಒಂದು ಫ್ರೇಮನ್ನು ಇನ್ನಷ್ಟು ಹೊತ್ತು ನಿಲ್ಲಿಸಿ ಮುಚ್ಚಬಹುದು ಅಂತ ಹೇಳಬೇಕಾದವರು ಎಡಿಟರೇ. ಆಮೇಲೆ ಸೌಂಡ್, ಮ್ಯೂಸಿಕ್, ಮಿಕ್ಸ್. ಅದು ಬೇರೆಯವರ ಪರಿಣತಿ, ಅದರ ಬಗ್ಗೆ ಅವರನ್ನೇ ಕರೆಸಿ ಕೇಳಿ.

ಕೆಲಸಕ್ಕೆ ಸೇರುವುದು ಹೇಗೆ ಅಂತ ಕೇಳುತ್ತೀರಿ. ಅಸಿಸ್ಟೆಂಟ್ ಎಡಿಟರ್ ಆಗಿ ಸೇರುತ್ತೀರಿ. ಮೊದಮೊದಲು ನಿಮ್ಮ ಕೈಗೆ ಕತ್ತರಿ ಬರುವುದೇ ಇಲ್ಲ. ಬಂದ ಫೈಲುಗಳಿಗೆ ಸರಿಯಾದ ಹೆಸರು ಕೊಡುವುದು, ಯಾವ ಶಾಟಿನ ಎಷ್ಟನೇ ವರ್ಷನ್ ಅಂತ ಪಟ್ಟಿ ಇಡುವುದು, ತೆರೆಯ ಮೂಲೆಯಲ್ಲಿ ಶಾಟ್ ನಂಬರ್ ಮತ್ತು ಫ್ರೇಮ್ ನಂಬರ್ ಕಾಣುವಂತೆ ವಿಡಿಯೊ ತೆಗೆದು ಕಳಿಸುವುದು, ಬ್ಯಾಕಪ್. ಇದನ್ನು ಕೀಳು ಅಂದುಕೊಳ್ಳಬೇಡಿ. ನಿರ್ದೇಶಕರು "ಮೊನ್ನೆ ಇದ್ದದ್ದೇ ಚೆನ್ನಾಗಿತ್ತು" ಅಂದಾಗ ಮೊನ್ನೆಯದನ್ನು ಒಂದು ನಿಮಿಷದಲ್ಲಿ ತೆರೆದು ತೋರಿಸುವ ಅಸಿಸ್ಟೆಂಟನ್ನು ಯಾವ ಎಡಿಟರೂ ಬಿಟ್ಟುಕೊಡುವುದಿಲ್ಲ. ಅಲ್ಲಿಂದ ಅನಿಮ್ಯಾಟಿಕ್ ಎಡಿಟರ್, ಆಮೇಲೆ ಇಡೀ ಎಪಿಸೋಡ್ ನೋಡಿಕೊಳ್ಳುವ ಎಡಿಟರ್, ಆಮೇಲೆ ಇಡೀ ಸರಣಿಗೆ ಸೂಪರ್‌ವೈಸಿಂಗ್ ಎಡಿಟರ್. ಅನಿಮೇಷನ್ ಲೋಕದ ಆನಿ ಪ್ರಶಸ್ತಿಗಳಲ್ಲಿ ಟಿವಿ ಕಾರ್ಟೂನಿನ ಎಡಿಟಿಂಗಿಗೆ ಬೇರೆ ವಿಭಾಗವೇ ಇದೆ. ಹೊರಗಿನವರಿಗೆ ಕಾಣದ ಈ ಕೆಲಸವನ್ನು ಒಳಗಿನವರು ಎಷ್ಟು ಗೌರವದಿಂದ ನೋಡುತ್ತಾರೆ ಅನ್ನುವುದಕ್ಕೆ ಹೇಳಿದೆ.

ಕಷ್ಟವನ್ನೂ ಹೇಳಬೇಕು. ಈ ಉದ್ಯೋಗದಲ್ಲಿ ಕೆಲಸ ಸರಣಿಯ ಜೊತೆ ಬರುತ್ತದೆ, ಸರಣಿಯ ಜೊತೆ ಹೋಗುತ್ತದೆ. 2025ರ ಫೆಬ್ರುವರಿಯಲ್ಲಿ ಜಗತ್ತಿನ ದೊಡ್ಡ ಕಂಪನಿಯೊಂದು ಕುಸಿದಾಗ ಬೆಂಗಳೂರಿನಲ್ಲಿ ಎಷ್ಟೋ ಕಲಾವಿದರು ಒಮ್ಮೆಲೇ ಕೆಲಸ ಕಳೆದುಕೊಂಡರು. ಒಳ್ಳೆಯ ಕೆಲಸಗಾರರು ಅವರೆಲ್ಲ. ಮನೆಯಲ್ಲಿ ಅಪ್ಪ ಅವ್ವನ ಜೊತೆ ಕೂತು ಈ ಮಾತು ಆಡಿಯೇ ನಿರ್ಧಾರ ಮಾಡಿ. ಬೆನ್ನು, ಕಣ್ಣು, ಕಿವಿ ಮೂರನ್ನೂ ಕಾಪಾಡಿಕೊಳ್ಳಿ. ಹೆಡ್‌ಫೋನಿನ ಸದ್ದು ಕಮ್ಮಿ ಇಟ್ಟು ಕೆಲಸ ಮಾಡುವುದನ್ನು ಮೊದಲ ದಿನದಿಂದ ರೂಢಿ ಮಾಡಿಕೊಳ್ಳಿ. ಎಐ ಬಗ್ಗೆಯೂ ಕೇಳುತ್ತೀರಿ. ಮಾತನ್ನು ಅಕ್ಷರಕ್ಕಿಳಿಸುವುದು, ಸದ್ದಿನೊಳಗಿಂದ ಧ್ವನಿ ಬೇರ್ಪಡಿಸುವುದು, ಇವನ್ನೆಲ್ಲ ಅದು ಈಗಾಗಲೇ ಮಾಡುತ್ತಿದೆ, ನಾವೂ ಬಳಸುತ್ತೇವೆ. ಆ ಹುಡುಗನಿಗೆ ಐದು ಫ್ರೇಮೋ ಐವತ್ತು ಫ್ರೇಮೋ ಅಂತ ಯಾರಾದರೂ ಹೊಣೆ ಹೊತ್ತು ಹೇಳಬೇಕಲ್ಲ, ನೀವು ಆ ಭಾಗವನ್ನು ಗಟ್ಟಿ ಮಾಡಿಕೊಳ್ಳಿ.

ಈಗ ನಾನು ಇಲ್ಲಿಯವರೆಗೆ ಬಂದದ್ದಕ್ಕೆ ಮುಖ್ಯ ಕಾರಣ. ಭಾರತದಲ್ಲಿ ಕಾರ್ಟೂನ್ ಕೆಲಸ ಹೊಸದೇನಲ್ಲ. ಮುಂಬೈಯ ಫಿಲ್ಮ್ಸ್ ಡಿವಿಷನ್ನಿನಲ್ಲಿ 1956ರಲ್ಲೇ ಕಾರ್ಟೂನ್ ಘಟಕ ಶುರುವಾಯಿತು. ಡಿಸ್ನಿಯಲ್ಲಿ ಕೆಲಸ ಮಾಡಿದ್ದ ಕ್ಲೇರ್ ವೀಕ್ಸ್ ಬಂದು ತರಬೇತಿ ಕೊಟ್ಟರು, ರಾಮ್ ಮೋಹನ್ ಅಂಥ ಅನಿಮೇಟರುಗಳು ಅಲ್ಲಿಂದ ಬಂದರು. 1986ರಲ್ಲಿ ದೂರದರ್ಶನದಲ್ಲಿ ಗಾಯಬ್ ಆಯಾ ಅನ್ನುವ ಕಾರ್ಟೂನ್ ಸರಣಿ ಬಂತು. ಆಮೇಲೆ ಬಹಳ ವರ್ಷ ನಮ್ಮ ಸ್ಟುಡಿಯೊಗಳಿಗೆ ಸಿಕ್ಕಿದ್ದು ಹೆಚ್ಚಾಗಿ ಹೊರದೇಶದ ಗುತ್ತಿಗೆ ಕೆಲಸ. ಅನಿಮ್ಯಾಟಿಕ್ ಅಲ್ಲಿಂದಲೇ ಲಾಕ್ ಆಗಿ ಬರುತ್ತಿತ್ತು, ಇಲ್ಲಿಯವರು ಅದಕ್ಕೆ ಚಿತ್ರ ತುಂಬಿ ಕೊಡುತ್ತಿದ್ದರು. 2008ರಲ್ಲಿ ಹೈದರಾಬಾದಿನಿಂದ ಛೋಟಾ ಭೀಮ್ ಬಂದು ಗೆದ್ದಾಗ ಲೆಕ್ಕ ಬದಲಾಯಿತು. ಕಥೆ ನಮ್ಮದಾದರೆ ಎಷ್ಟು ಹೊತ್ತು ಅನ್ನುವ ತೀರ್ಮಾನವೂ ನಮ್ಮದೇ.

ಕನ್ನಡಕ್ಕೆ ಇನ್ನೂ ಆ ಭಾಗ್ಯ ಸರಿಯಾಗಿ ಬಂದಿಲ್ಲ. 2009ರಲ್ಲಿ ಚಿಂಟು ಟಿವಿ ಬಂತು, ನಮ್ಮ ಮಕ್ಕಳು ಕನ್ನಡದಲ್ಲಿ ಕಾರ್ಟೂನ್ ನೋಡಿದರು, ಅದು ದೊಡ್ಡ ವಿಷಯ. ಆದರೆ ಮಕ್ಕಳು ನೋಡುವ ಬಹುಪಾಲು ಡಬ್ಬಿಂಗ್. ಡಬ್ಬಿಂಗಿನಲ್ಲಿ ಬಾಯಿ ಆಡುವ ಸಮಯ ಮೊದಲೇ ನಿಗದಿಯಾಗಿರುತ್ತದೆ. ಕನ್ನಡದ ಕಲಾವಿದರು ಆ ಎರಡು ಸೆಕೆಂಡಿನೊಳಗೆ ಓಡಬೇಕು, ಇಲ್ಲವೇ ಮಾತು ಎಳೆದು ತುಂಬಬೇಕು. ಎಲ್ಲಿ ಉಸಿರು ತೆಗೆಯಬೇಕು ಅನ್ನುವುದು ಬೇರೆ ಭಾಷೆಯವರ ಕೈಯಲ್ಲಿರುತ್ತದೆ. ಅದರಲ್ಲೂ ನಮ್ಮ ಕಡೆಯ ಮಾತು ಬಂದರೆ ಅದು ಅಡುಗೆಯವನಿಗೋ ಕಾವಲುಗಾರನಿಗೋ, ಜನ ನಗಲಿ ಅಂತ. ಕಥೆಯ ನಾಯಕನಾದ ಹುಡುಗ "ಏನ್ ಮಾಡಾಕತ್ತೀದಿ?" ಅಂತ ಕೇಳುವ ಕಾರ್ಟೂನನ್ನು ನಾನು ನೋಡಿಲ್ಲ. ಇದು ನನಗೆ ನಿಜಕ್ಕೂ ನೋವಿನ ವಿಷಯ. ಬಾದಾಮಿಯ ಮಗುವೊಂದು ಟಿವಿ ನೋಡುತ್ತಾ, ತನ್ನ ಮಾತು ನಗೆಪಾಟಲಿಗೆ ಮಾತ್ರ ಅಂತ ಕಲಿಯಬಾರದು.

ಬರಹಗಾರರು ಬಂದರಷ್ಟೇ ಇದು ಸರಿಯಾಗುವುದಿಲ್ಲ. ಮೇಜಿನ ಮುಂದೆ ಕೂರುವವರೂ ಇಲ್ಲಿಯವರಾಗಬೇಕು. "ಹೌದಿಲ್ಲೋ?" ಅಂತ ಕೇಳುವ ಮುಂಚೆ ನಮ್ಮ ಹಿರಿಯರು ಒಂದು ಗಳಿಗೆ ನಿಲ್ಲುತ್ತಾರೆ, ಕೇಳಿದ್ದೀರಲ್ಲ? ಈ ಮಾತು ಕಿವಿಯಲ್ಲಿಲ್ಲದ ಎಡಿಟರಿಗೆ ಆ ಜಾಗ ಖಾಲಿ ಅನ್ನಿಸುತ್ತದೆ, ಎಳೆದು ಬಿಗಿ ಮಾಡಿಬಿಡುತ್ತಾರೆ. ಆಗ ಮಾತಿನ ಪದಗಳು ಉಳಿಯುತ್ತವೆ, ಮಾತಾಡುವ ಮನುಷ್ಯ ಹೋಗಿಬಿಡುತ್ತಾನೆ. ಕರ್ನಾಟಕ 2012ರಲ್ಲೇ ಅನಿಮೇಷನ್ ಉದ್ಯಮಕ್ಕೆ ಒಂದು ನೀತಿ ಮಾಡಿತು, ಈಗ 2024ರಿಂದ 2029ರವರೆಗಿನ ಹೊಸ ನೀತಿಯೂ ಇದೆ. ಅದರ ಲಾಭ ಬೆಂಗಳೂರು ದಾಟಿ ಘಟಪ್ರಭೆಯ ದಂಡೆಗೂ ಬರಬೇಕು ಅಂತ ನೀವು ಕೇಳಬೇಕು. ನಿಮ್ಮ ಕಾಲೇಜಿನವರು ಕೇಳಬೇಕು.

ಕಲಿಯಲು ದುಡ್ಡಿಗಾಗಿ ಕಾಯಬೇಡಿ. ಡಾವಿಂಚಿ ರಿಸಾಲ್ವ್ ಅನ್ನುವ ಎಡಿಟಿಂಗ್ ಸಾಫ್ಟ್‌ವೇರಿನ ಒಂದು ಆವೃತ್ತಿ ಪುಕ್ಕಟೆ ಸಿಗುತ್ತದೆ. ಚಿತ್ರಕ್ಕೆ ಕ್ರಿಟಾ, ಧ್ವನಿಗೆ ಆಡಾಸಿಟಿ, ಎರಡೂ ಪುಕ್ಕಟೆ. ಬ್ಲೆಂಡರಿನಲ್ಲಿ ಚಿತ್ರ ಬರೆಯಲೂ ಬರುತ್ತದೆ, ಎಡಿಟ್ ಮಾಡಲೂ ಬರುತ್ತದೆ. ಮನೆಯ ಇಬ್ಬರು ಹಿರಿಯರ ಮಾತನ್ನು, ಅವರ ಒಪ್ಪಿಗೆ ಕೇಳಿ, ಮೊಬೈಲಿನಲ್ಲಿ ರೆಕಾರ್ಡ್ ಮಾಡಿ. ಕತ್ತರಿಸದೆ ಹತ್ತು ಸಲ ಕೇಳಿ. ಯಾರು ಎಲ್ಲಿ ನಿಲ್ಲುತ್ತಾರೆ, ಯಾರು ಯಾರ ಮಾತಿನ ಮೇಲೆ ಬೀಳುತ್ತಾರೆ ಅಂತ ಗುರುತು ಹಾಕಿ. ಆಮೇಲೆ ಅದರಿಂದ ಒಂದು ನಿಮಿಷದ ರೇಡಿಯೊ ಪ್ಲೇ ಮಾಡಿ, ಅದಕ್ಕೆ ಕಡ್ಡಿ ಚಿತ್ರಗಳನ್ನಾದರೂ ಕೂರಿಸಿ.

ಕೆಲಸ ಕೇಳಿ ಬರುವವರಿಂದ ನಾನು ನೋಡುವುದು ಇಷ್ಟನ್ನೇ. ಹೊಳೆಯುವ ಶೋರೀಲ್ ಬೇಡ, ಮ್ಯೂಸಿಕ್ ಹಾಕಿ ಜೋಡಿಸಿದ ತುಣುಕುಗಳಿಂದ ನನಗೆ ಏನೂ ತಿಳಿಯುವುದಿಲ್ಲ. ಒಂದು ನಿಮಿಷದ ಒಂದೇ ದೃಶ್ಯ ಕಳಿಸಿ. ಅದನ್ನು ಎರಡು ರೀತಿ ಎಡಿಟ್ ಮಾಡಿ ಕಳಿಸಿ, ಒಂದರಲ್ಲಿ ನಗು ಬರಲಿ, ಇನ್ನೊಂದರಲ್ಲಿ ಭಯ ಬರಲಿ, ಧ್ವನಿ ಮತ್ತು ಚಿತ್ರ ಎರಡರಲ್ಲೂ ಅವೇ ಇರಲಿ. ಜೊತೆಗೆ ಯಾವ ಜಾಗದಲ್ಲಿ ಎಷ್ಟು ಫ್ರೇಮ್ ಬದಲಾಯಿಸಿದಿರಿ, ಯಾಕೆ ಅಂತ ಅರ್ಧ ಪುಟ ಬರೆಯಿರಿ. ಕನ್ನಡದಲ್ಲೇ ಬರೆಯಿರಿ. ಫೈಲಿಗೆ ನಿಮ್ಮ ಹೆಸರು, ದಿನಾಂಕ, ವರ್ಷನ್ ನಂಬರ್ ಹಾಕುವುದನ್ನು ಮರೆಯಬೇಡಿ. ನಾನು ಮೊದಲು ನೋಡುವುದು ಅದನ್ನೇ.